ಕಾಣದ್ದಕ್ಕೆ ಸಾಕ್ಷಿ

ಓದುಗರೇ, ರಾತ್ರಿ ಊಟ ಮುಗಿಸಿ ಮನೆಮಂದಿಯೆಲ್ಲ ರೇಡಿಯೋ ಸುತ್ತ ಕುಳಿತು ಐತಿಹಾಸಿಕ ನಾಟಕವೊಂದನ್ನು ಕೇಳಿದ ಮೇಲೆ, ಯಾರಾದರೊಬ್ಬರು, ಹೆಚ್ಚಾಗಿ ಮನೆಯ ಮಕ್ಕಳೇ, “ಇದೆಲ್ಲ ನಿಜವಾಗಿ ನಡೆದದ್ದೇ?” ಎಂದು ಕೇಳುವುದುಂಟು. “ನಾಟಕವೆಂದ ಮೇಲೆ ಉಪ್ಪು ಖಾರ ಸೇರಿಸದೆ ಇರುತ್ತಾರೆಯೇ?” ಎಂದು ಹಿರಿಯರು ಮಾತು ಮುಗಿಸಿ ದೀಪ ಆರಿಸುತ್ತಾರೆ. ಆದರೆ ಆ ಪ್ರಶ್ನೆ ಅಷ್ಟು ಸುಲಭವಾಗಿ ಮುಗಿಯತಕ್ಕದ್ದಲ್ಲ. ನಾಟಕಕಾರ ಯಾವುದನ್ನು ಇದ್ದ ಹಾಗೆ ಇಟ್ಟುಕೊಂಡ, ಯಾವುದನ್ನು ಮಾರ್ಪಡಿಸಿದ, ಏಕೆ ಮಾರ್ಪಡಿಸಿದ ಎಂದು ವಿಚಾರಿಸಹೊರಟರೆ ಇತಿಹಾಸವೂ ತಿಳಿಯುತ್ತದೆ, ನಾಟಕವೂ ತಿಳಿಯುತ್ತದೆ. ಕೆಲವು ವೇಳೆ, ಬೇಡವೆಂದರೂ, ನಮ್ಮ ವಿಷಯವೂ ಅಷ್ಟಿಷ್ಟು ತಿಳಿಯುತ್ತದೆ.

ಅಂಥ ವಿಚಾರಣೆಗೆ ತಕ್ಕ ನಾಟಕವೊಂದನ್ನು ಇಲ್ಲಿ ಎತ್ತಿಕೊಂಡಿದ್ದೇನೆ. ಅಮೆರಿಕದ ನಾಟಕಕಾರ ಆರ್ಥರ್ ಮಿಲ್ಲರ್ ಬರೆದ ‘ದಿ ಕ್ರೂಸಿಬಲ್’ 1953ರ ಜನವರಿಯಲ್ಲಿ ನ್ಯೂಯಾರ್ಕಿನಲ್ಲಿ ಮೊದಲು ರಂಗವೇರಿತು. ಕ್ರೂಸಿಬಲ್ ಎಂದರೆ ನಮ್ಮ ಅಕ್ಕಸಾಲಿಗರ ಮೂಸೆ. ಚಿನ್ನವನ್ನು ಮೂಸೆಯಲ್ಲಿಟ್ಟು ಕಾಯಿಸಿದರೆ ಕಲ್ಮಷ ಬೇರೆಯಾಗಿ ಅಪ್ಪಟ ಉಳಿಯುತ್ತದೆ. ಆ ನಾಟಕದ ಮೂಸೆ ಒಂದು ಸಣ್ಣ ಹಳ್ಳಿ; ಅದರಲ್ಲಿ ಕಾದವರು ಅಲ್ಲಿಯ ಒಕ್ಕಲು ಮಕ್ಕಳು, ಮುದುಕಿಯರು, ಗೃಹಿಣಿಯರು. ಹಳ್ಳಿಯ ಹೆಸರು ಸೇಲಂ. ನಮ್ಮ ನೆರೆಯ ತಮಿಳುನಾಡಿನ ಸೇಲಂ ಅಲ್ಲ. ಅಮೆರಿಕದ ಈಶಾನ್ಯ ಕರಾವಳಿಯಲ್ಲಿರುವ ಮ್ಯಾಸಚೂಸೆಟ್ಸ್ ಪ್ರಾಂತದ ಸೇಲಂ. ಆ ಹೆಸರಿಗೆ ಮೂಲವಾದ ಹೀಬ್ರೂ ಮಾತಿಗೆ ಶಾಂತಿಯೆಂದು ಅರ್ಥ. 1692ರಲ್ಲಿ ಆ ಶಾಂತಿಯ ಊರಿನಲ್ಲಿ ಮಾಟದ ಆಪಾದನೆಗಳು ಎದ್ದು, ಒಂದು ವರ್ಷ ತುಂಬುವುದರೊಳಗೆ ಹತ್ತೊಂಬತ್ತು ಮಂದಿಯನ್ನು ಗಲ್ಲಿಗೇರಿಸಿದವು.

ಕನ್ನಡ ಪಾಠ ಹೇಳುವವನಾದುದರಿಂದ ಒಂದು ಶಬ್ದವಿಚಾರ ಮಾಡಿ ಮುಂದುವರಿಯುತ್ತೇನೆ. ಆಡು ಎಂಬುದರಿಂದ ಆಟ, ಓಡು ಎಂಬುದರಿಂದ ಓಟ, ನೋಡು ಎಂಬುದರಿಂದ ನೋಟ ಆದ ಹಾಗೆ ಮಾಡು ಎಂಬುದರಿಂದ ಮಾಟ ಆಗಿದೆ. ಮಾಟವೆಂದರೆ ಮೂಲದಲ್ಲಿ ಮಾಡಿದ್ದು, ಕೃತಿ. ಚೆಲುವಾಗಿ ಮಾಡಿದ್ದನ್ನು ‘ಮಾಟವಾಗಿದೆ’ ಎನ್ನುತ್ತೇವೆ. ಕೆಡುಕಿಗಾಗಿ ಮಾಡಿದ್ದನ್ನು ಬರಿದೆ ‘ಮಾಟ’ ಎನ್ನುತ್ತೇವೆ. ಶಬ್ದದ ನ್ಯಾಯದಂತೆ ಹೇಳುವುದಾದರೆ, ಮಾಟದ ಆಪಾದನೆ ಹೊರಿಸುವವನು ‘ಇವಳು ಇಂಥದ್ದನ್ನು ಮಾಡಿದಳು’ ಎಂದು ತೋರಿಸಬೇಕು. ಸೇಲಂ ಹಳ್ಳಿಯ ನ್ಯಾಯಸ್ಥಾನದಲ್ಲಿ ಮಾಡಿದ್ದು ಏನೆಂಬುದನ್ನು ಯಾರೂ ತೋರಿಸಲಿಲ್ಲ. ಅಲ್ಲಿ ಇದ್ದದ್ದು ನೋಟ ಮಾತ್ರ, ಅದೂ ಆಪಾದನೆ ಮಾಡುವವರಿಗಲ್ಲದೆ ಬೇರೆ ಯಾರಿಗೂ ಕಾಣದ ನೋಟ. ಇದನ್ನು ನೆನಪಿನಲ್ಲಿಟ್ಟುಕೊಂಡು ಮುಂದಿನದನ್ನು ಓದಬೇಕೆಂದು ಪ್ರಾರ್ಥನೆ.

ಅಂದಿಗೆ ಸೇಲಂ ಎಂಬ ಹೆಸರಿನವು ಎರಡು: ಒಂದು ಬಂದರಿನ ಪಟ್ಟಣ, ಇನ್ನೊಂದು ಅದರ ಒಳನಾಡಿನ ಹಳ್ಳಿ. ಇಂದು ಆ ಹಳ್ಳಿಗೆ ಡ್ಯಾನ್ವರ್ಸ್ ಎಂಬ ಹೆಸರಿದೆ. ಇಂಗ್ಲೆಂಡಿನಿಂದ ಬಂದು ನೆಲೆಸಿದ ಪ್ಯೂರಿಟನ್ ಎಂಬ ಕಟ್ಟುನಿಟ್ಟಿನ ಕ್ರೈಸ್ತ ಪಂಥದವರ ಸೀಮೆ ಅದು. ಹಳ್ಳಿಯ ಜನಸಂಖ್ಯೆ ಸುಮಾರು 500. ಹೊಲದ ಎಲ್ಲೆಯ ಜಗಳ, ಆಸ್ತಿಯ ವ್ಯಾಜ್ಯ, ಮನೆತನ ಮನೆತನಗಳ ನಡುವಣ ಮತ್ಸರ ಎಲ್ಲ ಊರುಗಳಲ್ಲಿರುವಂತೆ ಅಲ್ಲಿಯೂ ಇತ್ತು. ಕೊಂಚ ಹೆಚ್ಚಾಗಿಯೇ ಇತ್ತು. 1689ರಲ್ಲಿ ಸ್ಯಾಮ್ಯುಯೆಲ್ ಪ್ಯಾರಿಸ್ ಎಂಬಾತ ಪಾದ್ರಿಯಾಗಿ ಬಂದ. ಮೊದಲು ಬಾರ್ಬಡೋಸ್ ದ್ವೀಪದಲ್ಲಿ ವ್ಯಾಪಾರ ಮಾಡಿಕೊಂಡಿದ್ದವನು ಆತ. ಅವನ ಸಂಬಳ, ಒಲೆಯ ಸೌದೆ, ವಾಸದ ಮನೆಯ ಒಡೆತನ ಇವುಗಳ ವಿಷಯವಾಗಿ ಊರು ಎರಡು ಪಂಗಡವಾಯಿತು. ಇದರ ಮೇಲೆ, ಉತ್ತರದ ಗಡಿಯಲ್ಲಿ ಫ್ರೆಂಚರೊಡನೆಯೂ ಮೂಲನಿವಾಸಿಗಳೊಡನೆಯೂ ಯುದ್ಧ ನಡೆಯುತ್ತಿತ್ತು. ಮನೆಮಠ ಕಳೆದುಕೊಂಡವರು ಇತ್ತ ಓಡಿ ಬರುತ್ತಿದ್ದರು. 1684ರಲ್ಲಿ ಪ್ರಾಂತದ ಹಳೆಯ ಸನದು ರದ್ದಾಗಿ, ಆಡಳಿತಕ್ಕೆ ಗಟ್ಟಿ ನೆಲೆಯಿಲ್ಲದಂತಾಗಿತ್ತು. ಭಯಕ್ಕೆ ಬೇಕಾದ ಸೌದೆಯೆಲ್ಲ ಒಟ್ಟಾಗಿತ್ತು. ಕಿಡಿಯೊಂದು ಬೀಳುವುದು ಬಾಕಿ.

1692ರ ಚಳಿಗಾಲದಲ್ಲಿ ಆ ಕಿಡಿ ಪಾದ್ರಿಯ ಮನೆಯಲ್ಲಿಯೇ ಬಿತ್ತು. ಅವನ ಒಂಬತ್ತು ವರ್ಷದ ಮಗಳು ಬೆಟ್ಟಿ, ಹನ್ನೊಂದರ ಆಸುಪಾಸಿನ ಬಂಧುಕನ್ಯೆ ಆಬಿಗೇಲ್ ವಿಲಿಯಮ್ಸ್ ಇಬ್ಬರೂ ಮೈ ಸೆಡೆಯುವುದು, ಚೀರುವುದು, ಯಾರೋ ಚಿವುಟಿದರೆಂದು ಒದ್ದಾಡುವುದು ಮೊದಲಾಯಿತು. ವೈದ್ಯನಿಗೆ ರೋಗ ತಿಳಿಯಲಿಲ್ಲ. ಇದು ದುಷ್ಟಶಕ್ತಿಯ ಕೈವಾಡವೆಂದುಬಿಟ್ಟ. ನೆರೆಯವಳೊಬ್ಬಳು ಸಲಹೆ ಕೊಟ್ಟಳು. ಅದರಂತೆ ಪಾದ್ರಿಯ ಮನೆಯ ದಾಸಿ ಟಿಟ್ಯೂಬಾಳೂ ಅವಳ ಜೊತೆಗಾರ ಜಾನನೂ ಮಕ್ಕಳ ಮೂತ್ರ ಬೆರೆಸಿದ ಹಿಟ್ಟಿನ ರೊಟ್ಟಿ ಸುಟ್ಟು ನಾಯಿಗೆ ಹಾಕಿದರು. ಹಾಗೆ ಮಾಡಿದರೆ ಮಾಟ ಮಾಡಿದವರು ಯಾರೆಂದು ಹೊರಬೀಳುತ್ತದೆಯೆಂಬ ನಂಬಿಕೆ. ಹೊರಬಿದ್ದದ್ದು ಬೇರೆ. “ಯಾರು? ಯಾರು?” ಎಂದು ಹಿರಿಯರು ಮಕ್ಕಳನ್ನು ಮೇಲಿಂದ ಮೇಲೆ ಕೇಳತೊಡಗಿದರು. ಕೇಳಿದ ಮೇಲೆ ಮಕ್ಕಳು ಹೆಸರು ಹೇಳದಿರುತ್ತವೆಯೇ?

ಮೊದಲು ಬಂದ ಹೆಸರುಗಳು ಮೂರು. ಮನೆಮನೆಗೆ ಬೇಡಿಕೊಂಡು ತಿರುಗುತ್ತಿದ್ದ ಸಾರಾ ಗುಡ್. ಬಹುಕಾಲದಿಂದ ದೇವಾಲಯಕ್ಕೆ ಬಾರದೆ ಕಾಯಿಲೆ ಬಿದ್ದಿದ್ದ ಸಾರಾ ಆಸ್ಬರ್ನ್. ಮೂರನೆಯವಳು ದಾಸಿ ಟಿಟ್ಯೂಬಾ. ಊರಿನಲ್ಲಿ ಇವರ ಪರವಾಗಿ ಒಂದು ಮಾತು ಆಡುವವರು ಯಾರೂ ಇರಲಿಲ್ಲ. ಮಾರ್ಚ್ 1ರಂದು ಜಾನ್ ಹೇಥಾರ್ನ್, ಜೋನಥನ್ ಕಾರ್ವಿನ್ ಎಂಬ ಮ್ಯಾಜಿಸ್ಟ್ರೇಟರಿಬ್ಬರು ವಿಚಾರಣೆಗೆ ಕುಳಿತರು. ಮೊದಲಿಬ್ಬರು ಆಪಾದನೆಯನ್ನು ಅಲ್ಲಗಳೆದರು. ಟಿಟ್ಯೂಬಾ ಮಾತ್ರ ಹೌದೆಂದಳು. ಸೈತಾನ ತನ್ನಲ್ಲಿಗೆ ಬಂದನೆಂದಳು, ಅವನ ಪುಸ್ತಕವನ್ನು ಕಂಡೆನೆಂದಳು, ಆ ಪುಸ್ತಕದಲ್ಲಿ ಬೇರೆಯವರ ಗುರುತುಗಳೂ ಇದ್ದುವೆಂದಳು. ಧಣಿ ಹೊಡೆದು ಹಾಗೆ ಹೇಳಿಸಿದನೆಂದು ಆಕೆ ಆಮೇಲೆ ಹೇಳಿದಳೆಂಬ ವರದಿಯುಂಟು. ಹೇಗೇ ಆಗಲಿ, ‘ಬೇರೆಯವರ ಗುರುತುಗಳು’ ಎಂಬ ಆ ಒಂದು ಮಾತಿನಿಂದ ಮೂವರ ವಿಷಯ ಮುನ್ನೂರು ಮನೆಗಳ ವಿಷಯವಾಯಿತು. ಉಳಿದವರು ಯಾರು? ಹುಡುಕಬೇಕಲ್ಲ!

ಇನ್ನು ಸಾಕ್ಷ್ಯದ ವಿಚಾರ. ಈ ಪ್ರಕರಣದ ಜೀವಾಳವೇ ಇದು. ಸೈತಾನನೊಡನೆ ಒಪ್ಪಂದ ಮಾಡಿಕೊಂಡವಳ ಛಾಯಾರೂಪ ಅವಳ ದೇಹವನ್ನು ಬಿಟ್ಟು ಹೋಗಿ ಇತರರನ್ನು ಹಿಂಸಿಸುತ್ತದೆ ಎಂಬುದು ಅಂದಿನವರ ನಂಬಿಕೆ. ಆ ಛಾಯೆ ಹಿಂಸೆಗೊಳಗಾದವನ ಕಣ್ಣಿಗೆ ಮಾತ್ರ ಕಾಣುತ್ತದೆ. ನ್ಯಾಯಸ್ಥಾನದಲ್ಲಿ ಹುಡುಗಿಯೊಬ್ಬಳು, “ಅಗೋ, ಅವಳ ಛಾಯೆ ತೊಲೆಯ ಮೇಲೆ ಕುಳಿತಿದೆ” ಎಂದು ಚೀರುತ್ತಾಳೆ. ನ್ಯಾಯಾಧೀಶ ತಲೆಯೆತ್ತಿ ನೋಡಿದರೆ ತೊಲೆಯಲ್ಲದೆ ಬೇರೇನೂ ಕಾಣದು. ಕಾಣದಿರುವುದೇ ಆ ಮಾತಿಗೆ ಬಲ. ಆಪಾದಿತಳು “ನಾನು ಆ ರಾತ್ರಿ ಮನೆಯಲ್ಲಿ ಮಲಗಿದ್ದೆ, ಗಂಡನನ್ನು ಕೇಳಿ” ಎಂದರೆ, “ಮಲಗಿದ್ದುದು ದೇಹ, ಬಂದದ್ದು ಛಾಯೆ” ಎಂದು ಉತ್ತರ ಸಿದ್ಧವಾಗಿರುತ್ತದೆ. ಯಾವ ಮಾತನ್ನು ಯಾವ ಉಪಾಯದಿಂದಲೂ ಸುಳ್ಳೆಂದು ತೋರಿಸಲು ಸಾಧ್ಯವಿಲ್ಲವೋ ಆ ಮಾತನ್ನು ಸಾಕ್ಷ್ಯವೆಂದು ಸ್ವೀಕರಿಸಿದ ದಿನವೇ ತೀರ್ಪು ಆಗಿಹೋಯಿತು. ಉಳಿದದ್ದು ಹಗ್ಗ ತರುವ ಕೆಲಸ.

ಬೇಡುವವಳಿಂದ ತೊಡಗಿದ ಆಪಾದನೆ ಮಾರ್ಚ್ ತಿಂಗಳು ಮುಗಿಯುವುದರೊಳಗೆ ಗೌರವಸ್ಥರ ಮನೆಗಳನ್ನು ಹೊಕ್ಕಿತು. ದೈವಭಕ್ತಳೆಂದು ಹೆಸರಾದ, ಎಪ್ಪತ್ತು ದಾಟಿದ ರೆಬೆಕಾ ನರ್ಸ್ ಸೆರೆಮನೆ ಸೇರಿದಳು. ಬೇಡುವವಳ ಮಗಳು, ನಾಲ್ಕೈದು ವರ್ಷದ ಕೂಸು, ಅದೂ ಸೆರೆಮನೆ ಸೇರಿತು, ತಿಂಗಳುಗಟ್ಟಲೆ ಸಂಕೋಲೆಯಲ್ಲಿತ್ತು. ಮೇ ತಿಂಗಳಲ್ಲಿ ಹೊಸ ಸನದಿನೊಡನೆ ಬಂದಿಳಿದ ಗವರ್ನರ್ ವಿಲಿಯಂ ಫಿಪ್ಸ್ ಈ ಮೊಕದ್ದಮೆಗಳಿಗಾಗಿಯೇ ವಿಶೇಷ ನ್ಯಾಯಸ್ಥಾನವೊಂದನ್ನು ನೇಮಿಸಿದ. ಅದರ ಮುಖ್ಯಸ್ಥ ವಿಲಿಯಂ ಸ್ಟೌಟನ್. ಜೂನ್ 10ರಂದು ಬ್ರಿಜೆಟ್ ಬಿಷಪ್ ಎಂಬಾಕೆ ಮೊದಲು ಗಲ್ಲಿಗೇರಿದಳು. ನ್ಯಾಯಾಧೀಶರಲ್ಲೊಬ್ಬನಾದ ಸಾಲ್ಟನ್‌ಸ್ಟಾಲ್ ಆ ನಡವಳಿಕೆಗೆ ಮನಸ್ಸೊಪ್ಪದೆ ರಾಜೀನಾಮೆ ಕೊಟ್ಟುಹೋದ. ಉಳಿದವರು ಹೋಗಲಿಲ್ಲ. ಜುಲೈ 19ರಂದು ಐವರು, ಆಗಸ್ಟ್ 19ರಂದು ಐವರು, ಸೆಪ್ಟೆಂಬರ್ 22ರಂದು ಎಂಟು ಮಂದಿ. ಹೀಗೆ ಒಟ್ಟು ಹತ್ತೊಂಬತ್ತು. ಹೆಂಗಸರು ಹದಿನಾಲ್ವರು, ಗಂಡಸರು ಐವರು. ಸೆರೆಮನೆಯಲ್ಲಿಯೇ ಸತ್ತವರು ಕನಿಷ್ಠ ಐವರು. ಆಪಾದನೆಗೆ ಗುರಿಯಾದವರು ನೂರೈವತ್ತಕ್ಕೂ ಮಿಕ್ಕು.

ಇವರನ್ನು ಸುಟ್ಟುಹಾಕಿದರೆಂದು ಹಲವರು ತಿಳಿದಿದ್ದಾರೆ. ಅದು ಸರಿಯಲ್ಲ. ಯುರೋಪಿನ ಕೆಲವು ದೇಶಗಳಲ್ಲಿ ಸುಡುತ್ತಿದ್ದುದು ನಿಜ. ಅಲ್ಲಿ ಸುಮಾರು ಮೂರು ಶತಮಾನಗಳಲ್ಲಿ ಮಾಟದ ಹೆಸರಿನಲ್ಲಿ ಸತ್ತವರು 40 ಸಾವಿರದಿಂದ 60 ಸಾವಿರದವರೆಗೆ ಎಂದು ಇತಿಹಾಸಕಾರರ ಅಂದಾಜು. ಆದರೆ ಇಂಗ್ಲಿಷ್ ಕಾನೂನಿನಲ್ಲಿ ಮಾಟಕ್ಕೆ ಗಲ್ಲೇ ಶಿಕ್ಷೆ. ಸೇಲಂ ಹಳ್ಳಿಯದು ಕಾನೂನು ಮೀರಿದ ಗುಂಪಿನ ಕೊಲೆಯಲ್ಲ. ವಾರಂಟು, ಜೂರಿ, ದಾಖಲೆ, ಮೊಹರು ಎಲ್ಲವೂ ಕ್ರಮಪ್ರಕಾರವಾಗಿಯೇ ಇದ್ದುವು.

ರೆಬೆಕಾ ನರ್ಸಳ ಕಥೆಯನ್ನು ಕೇಳಿ. ಆಕೆ ನಿರಪರಾಧಿಯೆಂದು ಸುಮಾರು 40 ಮಂದಿ ನೆರೆಹೊರೆಯವರು ಧೈರ್ಯವಾಗಿ ರುಜು ಹಾಕಿ ಬಿನ್ನಹ ಕೊಟ್ಟರು. ಜೂರಿಯವರೂ ಮೊದಲು ‘ನಿರಪರಾಧಿ’ ಎಂದೇ ಹೇಳಿದರು. ಕೂಡಲೇ ಹುಡುಗಿಯರು ಬೊಬ್ಬೆಯಿಟ್ಟರು. ಆಕೆ ವಿಚಾರಣೆಯ ನಡುವೆ ಆಡಿದ್ದ ಒಂದು ಮಾತನ್ನು ಮುಖ್ಯ ನ್ಯಾಯಾಧೀಶ ಎತ್ತಿ ತೋರಿಸಿ, ಅದನ್ನು ಮತ್ತೆ ಆಲೋಚಿಸಿರೆಂದು ಜೂರಿಯವರಿಗೆ ಹೇಳಿದ. ಆ ಮಾತಿನ ಅರ್ಥವೇನೆಂದು ಅವರು ಕೇಳಿದಾಗ, ಕಿವಿ ಮಂದವಾಗಿದ್ದ ಆ ಮುದುಕಿಗೆ ಪ್ರಶ್ನೆಯೇ ಕೇಳಿಸಲಿಲ್ಲ. ಸುಮ್ಮನಿದ್ದಳು. ಆ ಮೌನವನ್ನೇ ಒಪ್ಪಿಗೆಯೆಂದು ತಿಳಿದು ತೀರ್ಪನ್ನು ತಿರುಗಿಸಿದರು. ಗವರ್ನರ್ ಒಮ್ಮೆ ಶಿಕ್ಷೆಯನ್ನು ತಡೆದು, ಮತ್ತೆ ತಡೆಯನ್ನು ಹಿಂತೆಗೆದುಕೊಂಡ. ಜುಲೈ 19ರಂದು ಆಕೆ ಗಲ್ಲಿಗೇರಿದಳು.

ಆಕೆಯ ತಂಗಿ ಮೇರಿ ಈಸ್ಟಿ ಸಾಯುವ ಮೊದಲು ನ್ಯಾಯಸ್ಥಾನಕ್ಕೆ ಬಿನ್ನವತ್ತಳೆಯೊಂದನ್ನು ಬರೆದಳು. ತನ್ನ ಪ್ರಾಣವನ್ನು ಉಳಿಸಿರೆಂದು ಅದರಲ್ಲಿ ಬೇಡಿಕೊಂಡಿಲ್ಲ. ತಾನು ಸಾಯಲೇಬೇಕಾಗಿದೆ, ಇನ್ನು ಮುಂದೆ ನಿರಪರಾಧಿಗಳ ರಕ್ತ ಹರಿಯದಂತೆ ನೋಡಿಕೊಳ್ಳಿ ಎಂದು ಕೇಳಿಕೊಂಡಿದ್ದಾಳೆ. ಸೆಪ್ಟೆಂಬರಿನ ಎಂಟು ಮಂದಿಯಲ್ಲಿ ಆಕೆಯೂ ಒಬ್ಬಳು. ಸುಮಾರು ಎಂಬತ್ತರ ವೃದ್ಧ ಗೈಲ್ಸ್ ಕೋರಿಯ ಕಥೆ ಇನ್ನೂ ಕಠೋರವಾದದ್ದು. ಮೊದಮೊದಲು ಆತನೂ ಆಪಾದನೆಗಳನ್ನು ನಂಬಿ, ಹೆಂಡತಿ ಮಾರ್ಥಾಳ ಮೇಲೆಯೇ ಸಂದೇಹ ಬರುವಂಥ ಹೇಳಿಕೆ ಕೊಟ್ಟಿದ್ದ. ಕೆಲವೇ ವಾರಗಳಲ್ಲಿ ಆಪಾದನೆ ಅವನ ಮೇಲೆಯೇ ಬಂದಿತು. ಅಂಥ ನ್ಯಾಯಸ್ಥಾನದ ವಿಚಾರಣೆಗೆ ಒಳಪಡಲಾರೆನೆಂದು ಆತ ಬಾಯಿ ಮುಚ್ಚಿದ. ಬಾಯಿ ಬಿಡಿಸಲು ಎದೆಯ ಮೇಲೆ ಹಲಗೆಯಿಟ್ಟು ಕಲ್ಲು ಹೇರಿದರು. ಬಾಯಿ ಬಿಡಲಿಲ್ಲ, ಸೆಪ್ಟೆಂಬರ್ 19ರಂದು ಪ್ರಾಣ ಬಿಟ್ಟ. ಮೂರು ದಿನಗಳ ಮೇಲೆ ಹೆಂಡತಿಯನ್ನು ಗಲ್ಲಿಗೇರಿಸಿದರು.

ಇಲ್ಲಿ ಓದುಗರು ವಿಶೇಷವಾಗಿ ಗಮನಿಸಬೇಕಾದ ಸಂಗತಿಯೊಂದಿದೆ. ತಪ್ಪೊಪ್ಪಿಕೊಂಡವರು ಐವತ್ತಕ್ಕೂ ಹೆಚ್ಚು. ಒಪ್ಪಿಕೊಂಡು ಆ ಮಾತಿಗೇ ಅಂಟಿಕೊಂಡವರಲ್ಲಿ ಒಬ್ಬರೂ ಗಲ್ಲಿಗೇರಲಿಲ್ಲ. ಅವರಿಂದ ಇನ್ನಷ್ಟು ಹೆಸರು ಹೊರಡುತ್ತದೆಯೆಂದು ಅವರನ್ನು ಉಳಿಸಿಕೊಂಡರು. ಸ್ಯಾಮ್ಯುಯೆಲ್ ವಾರ್ಡ್‌ವೆಲ್ ಎಂಬಾತ ಒಪ್ಪಿಕೊಂಡಿದ್ದವನು ಆಮೇಲೆ ಅದು ಸುಳ್ಳೆಂದು ಹೇಳಿ ಗಲ್ಲಿಗೆ ಹೋದ. ಅಂದರೆ, ಸುಳ್ಳು ಹೇಳಿದವರಿಗೆ ಜೀವ, ನಿಜ ಹೇಳಿದವರಿಗೆ ಸಾವು. ನಿಜವನ್ನು ಹುಡುಕಲೆಂದು ನೇಮಿಸಿದ ನ್ಯಾಯಸ್ಥಾನ ಸುಳ್ಳಿಗೆ ಬಹುಮಾನ ಕೊಡುವ ಯಂತ್ರವಾಯಿತು. ಆ ಹತ್ತೊಂಬತ್ತು ಮಂದಿಗೆ ಪಾರಾಗುವ ಬಾಗಿಲು ಕೊನೆಯವರೆಗೂ ತೆರೆದೇ ಇತ್ತು. “ಹೌದು” ಎಂಬ ಒಂದು ಮಾತು ಸಾಕಾಗಿತ್ತು. ಅವರು ಆಡಲಿಲ್ಲ.

ಮಿಲ್ಲರ್ ತನ್ನ ನಾಟಕವನ್ನು ಕಟ್ಟಿದ್ದು ಈ ಬಾಗಿಲಿನ ಮುಂದೆ. 1952ರಲ್ಲಿ ಸೇಲಂಗೆ ಹೋಗಿ ನ್ಯಾಯಸ್ಥಾನದ ಹಳೆಯ ದಸ್ತಾವೇಜುಗಳನ್ನು ಓದಿದ ಆತ ಜಾನ್ ಪ್ರಾಕ್ಟರ್ ಎಂಬ ಒಕ್ಕಲಿಗನನ್ನು ನಾಯಕನನ್ನಾಗಿ ಆರಿಸಿಕೊಂಡ. ನಾಟಕದ ಪ್ರಾಕ್ಟರ್ ಮೂವತ್ತರ ಹರೆಯದವನು, ಆಬಿಗೇಲ್ ಹದಿನೇಳರ ಯುವತಿ. ಅವರಿಬ್ಬರಿಗೂ ನಡೆದ ಗುಪ್ತ ಸಂಬಂಧದಿಂದ ಅನರ್ಥಗಳೆಲ್ಲ ಹುಟ್ಟುತ್ತವೆ. ಇತಿಹಾಸದ ಪ್ರಾಕ್ಟರಿಗೆ ಸುಮಾರು ಅರವತ್ತು ವರ್ಷ, ಆಬಿಗೇಲಳಿಗೆ ಹನ್ನೊಂದು ಹನ್ನೆರಡು. ಅಂಥ ಸಂಬಂಧಕ್ಕೆ ದಾಖಲೆಯಲ್ಲಿ ಯಾವ ಆಧಾರವೂ ಇಲ್ಲ. ಹುಡುಗಿಯರು ಕಾಡಿನಲ್ಲಿ ಕುಣಿದದ್ದೂ ದಾಖಲೆಯಲ್ಲಿಲ್ಲ. ನಾಟಕದ ಟಿಟ್ಯೂಬಾ ನೀಗ್ರೋ ಹೆಂಗಸು. ದಾಖಲೆಗಳಲ್ಲಿ ಆಕೆಯನ್ನು ‘ಇಂಡಿಯನ್’, ಎಂದರೆ ಅಮೆರಿಕದ ಮೂಲನಿವಾಸಿ, ಎಂದೇ ಕರೆದಿದೆ. ಹಲವು ನ್ಯಾಯಾಧೀಶರನ್ನು ಒಬ್ಬಿಬ್ಬರಲ್ಲಿ ಅಡಕ ಮಾಡಿದ್ದಾನೆ. ಕೊನೆಯ ದೃಶ್ಯದಲ್ಲಿ ಪ್ರಾಕ್ಟರ್ ತಪ್ಪೊಪ್ಪಿಗೆಗೆ ರುಜು ಹಾಕಿ, ಮತ್ತೆ ಅದನ್ನು ಹರಿದು ಎಸೆಯುವುದೂ ಕಲ್ಪನೆಯೇ.

ನಿಜವಾದ ಪ್ರಾಕ್ಟರ್ ಒಪ್ಪಿಗೆಯ ಹತ್ತಿರವೂ ಸುಳಿಯಲಿಲ್ಲ. ಆತ ಜುಲೈ 23ರಂದು ಸೆರೆಮನೆಯಿಂದ ಬಾಸ್ಟನ್ನಿನ ಪಾದ್ರಿಗಳಿಗೆ ಪತ್ರ ಬರೆದ. ತನ್ನ ಮಗನ ಕುತ್ತಿಗೆಯನ್ನೂ ಹಿಮ್ಮಡಿಯನ್ನೂ ಸೇರಿಸಿ ಕಟ್ಟಿ, ಮೂಗಿನಲ್ಲಿ ರಕ್ತ ಬರುವವರೆಗೂ ಹಿಂಸಿಸಿ ಒಪ್ಪಿಗೆ ಕೇಳಿದರೆಂದು ತಿಳಿಸಿ, ವಿಚಾರಣೆಯನ್ನು ಬಾಸ್ಟನ್ನಿಗೆ ವರ್ಗಾಯಿಸಿರಿ, ಇಲ್ಲವೆ ನ್ಯಾಯಾಧೀಶರನ್ನು ಬದಲಾಯಿಸಿರಿ ಎಂದು ಬೇಡಿದ. ಆಗಸ್ಟ್ 19ರಂದು ಅವನನ್ನು ಗಲ್ಲಿಗೇರಿಸಿದರು. ಹೆಂಡತಿ ಎಲಿಜಬೆತ್ ಗರ್ಭಿಣಿಯಾದುದರಿಂದ ಆಕೆಯ ಶಿಕ್ಷೆ ಮುಂದಕ್ಕೆ ಹೋಗಿ, ಆಕೆ ಬದುಕಿಕೊಂಡಳು. ಅದೇ ದಿನ ಗಲ್ಲಿಗೇರಿದ ಜಾರ್ಜ್ ಬರೋಸ್ ಎಂಬ ಪಾದ್ರಿ ಏಸುವಿನ ಪ್ರಾರ್ಥನೆಯನ್ನು ಒಂದಕ್ಷರವೂ ತಪ್ಪದೆ ಹೇಳಿದ. ಮಾಟಗಾರರಿಗೆ ಅದು ಸಾಧ್ಯವಿಲ್ಲವೆಂದು ಜನ ನಂಬಿದ್ದರು. ನೆರೆದವರ ಮನಸ್ಸು ಕಲಕಿತು. ಕುದುರೆಯ ಮೇಲಿದ್ದ ಕಾಟನ್ ಮೇಥರ್ ಎಂಬ ವಿದ್ವಾಂಸ ಪಾದ್ರಿ ಜನರಿಗೆ ಸಮಾಧಾನ ಹೇಳಿದ ಮೇಲೆ ಶಿಕ್ಷೆ ಮುಂದುವರಿಯಿತು.

ನಾಟಕಕಾರ ಇಷ್ಟೊಂದು ಮಾರ್ಪಡಿಸಿದ್ದು ತಪ್ಪೇ? ಒಬ್ಬ ಗಂಡಸು, ಒಬ್ಬ ಹೆಣ್ಣುಮಗಳು, ಒಂದು ರಹಸ್ಯ ಎಂದರೆ ಕಥೆ ಬಿಗಿಯಾಗುತ್ತದೆ. ಆದರೆ ಇಡೀ ಅನರ್ಥಕ್ಕೆ ಒಬ್ಬಳ ದ್ವೇಷವೇ ಮೂಲವೆಂದು ತೋರಿ, ಊರು ಅಷ್ಟರ ಮಟ್ಟಿಗೆ ಪಾರಾಗಿಬಿಡುತ್ತದೆ. ನಿಜದಲ್ಲಿ ಅಂಥ ಖಳನಾಯಿಕೆ ಇರಲಿಲ್ಲ. ಮಕ್ಕಳ ಮಾತನ್ನು ವಾರಂಟಾಗಿ ಮಾಡಿದವರು ಹಿರಿಯರು. ತೀರ್ಪಾಗಿ ಮಾಡಿದವರು ಕಲಿತವರು. ಅಷ್ಟನ್ನು ಬಿಟ್ಟರೆ, ಒಪ್ಪಿಕೊಂಡು ಬದುಕುವುದೋ ಅಲ್ಲಗಳೆದು ಸಾಯುವುದೋ ಎಂಬ ತಿರುಳನ್ನು ಮಿಲ್ಲರ್ ಕೆಡಿಸಲಿಲ್ಲ. ಅದು ಅವನ ಕಾಲದ ಪ್ರಶ್ನೆಯೂ ಆಗಿತ್ತು. 1950ರ ಸುಮಾರಿಗೆ ಅಮೆರಿಕದಲ್ಲಿ ಕಮ್ಯೂನಿಸ್ಟರ ಭಯ ಹಬ್ಬಿ, ಸಂಸತ್ತಿನ ಸಮಿತಿಯೊಂದು ಬರಹಗಾರರನ್ನೂ ನಟರನ್ನೂ ಕರೆಸಿ, “ನಿನ್ನ ಜೊತೆಗೆ ಯಾರಾರಿದ್ದರು? ಹೆಸರು ಹೇಳು” ಎಂದು ಕೇಳುತ್ತಿತ್ತು. ಹೇಳಿದವರಿಗೆ ಕೆಲಸ ಉಳಿಯುತ್ತಿತ್ತು, ಹೇಳದವರಿಗೆ ಹೋಗುತ್ತಿತ್ತು. ನಾಟಕ ಬರೆದು ಮೂರು ವರ್ಷಗಳ ಮೇಲೆ, 1956ರಲ್ಲಿ, ಮಿಲ್ಲರನನ್ನೇ ಆ ಸಮಿತಿ ಕರೆಸಿತು. ತನ್ನ ವಿಷಯವನ್ನೆಲ್ಲ ಹೇಳಿದ ಆತ ಬೇರೆಯವರ ಹೆಸರು ಹೇಳಲು ಒಪ್ಪಲಿಲ್ಲ. 1957ರಲ್ಲಿ ಅಪರಾಧಿಯೆಂದು ತೀರ್ಪಾಯಿತು. 1958ರಲ್ಲಿ ಮೇಲಿನ ನ್ಯಾಯಸ್ಥಾನ ಅದನ್ನು ತಳ್ಳಿಹಾಕಿತು. ತಾನು ಬರೆದ ಪಾತ್ರದ ಸ್ಥಾನದಲ್ಲಿ ನಿಲ್ಲುವ ಪ್ರಸಂಗ ನಾಟಕಕಾರರಿಗೆ ಒದಗುವುದು ಅಪರೂಪ.

ಸೇಲಂ ಹಳ್ಳಿಯ ಹುಚ್ಚು ಇಳಿದದ್ದು ಹೇಗೆ? ಸಾಕ್ಷ್ಯದ ನಿಯಮ ಬದಲಾದದ್ದರಿಂದ. ಒಬ್ಬ ನಿರಪರಾಧಿ ಶಿಕ್ಷೆಗೊಳಗಾಗುವುದಕ್ಕಿಂತ ಶಂಕಿತರು ಹತ್ತು ಮಂದಿ ತಪ್ಪಿಸಿಕೊಳ್ಳುವುದೇ ಮೇಲು ಎಂದು ಕಾಟನ್ ಮೇಥರನ ತಂದೆ ಇಂಕ್ರೀಸ್ ಮೇಥರ್ ಅಕ್ಟೋಬರಿನಲ್ಲಿ ವಾದಿಸಿದ. ಅದೇ ತಿಂಗಳ ಕೊನೆಗೆ ಗವರ್ನರ್ ಆ ನ್ಯಾಯಸ್ಥಾನವನ್ನು ವಿಸರ್ಜಿಸಿದ. 1693ರ ಜನವರಿಯಲ್ಲಿ ಕುಳಿತ ಹೊಸ ನ್ಯಾಯಸ್ಥಾನ ಛಾಯೆಯ ಸಾಕ್ಷ್ಯವನ್ನು ಒಪ್ಪಲಿಲ್ಲ. ಒಪ್ಪದೆ ಹೋದೊಡನೆ ಮೊಕದ್ದಮೆಗಳು ಒಂದೊಂದಾಗಿ ಬಿದ್ದುವು. ಶಿಕ್ಷೆಯಾಗಿದ್ದ ಕೆಲವರನ್ನೂ ಗವರ್ನರ್ ಉಳಿಸಿದ. ಬಿಡುಗಡೆಯಾದವರು ಸೆರೆಮನೆಯ ಖರ್ಚನ್ನು ತಾವೇ ತೆತ್ತು ಹೊರಬರಬೇಕಾಗಿತ್ತು. ಟಿಟ್ಯೂಬಾಳ ಖರ್ಚನ್ನು ಧಣಿ ಕೊಡಲಿಲ್ಲ. ಆಕೆಯನ್ನು ಬೇರೊಬ್ಬನಿಗೆ ಮಾರಿದರು.

ಇದಕ್ಕೆಲ್ಲ ಮೂಲ ಕಾರಣವೇನೆಂದು ವಿದ್ವಾಂಸರು ಇಂದಿಗೂ ಚರ್ಚಿಸುತ್ತಾರೆ. ಬೂಷ್ಟು ಹಿಡಿದ ರೈ ಧಾನ್ಯ ತಿಂದು ಭ್ರಮೆ ಹುಟ್ಟಿತೆಂಬ ವಾದವೊಂದು 1976ರಲ್ಲಿ ಬಂದಿತು. ಹೆಚ್ಚಿನವರು ಅದನ್ನು ಒಪ್ಪಲಿಲ್ಲ. ಭೂಮಿಯ ಜಗಳ, ಯುದ್ಧದ ಭಯ, ಮಕ್ಕಳ ಮನೋವಿಕಾರ ಎಲ್ಲಕ್ಕೂ ಪಾಲುಂಟು. ಆದರೆ ಇವು ಬೇರೆ ಊರುಗಳಲ್ಲಿಯೂ ಇದ್ದುವು; ಅಲ್ಲೆಲ್ಲ ಹತ್ತೊಂಬತ್ತು ಮಂದಿ ಸಾಯಲಿಲ್ಲ. ಭಯ ಎಲ್ಲ ಕಾಲಕ್ಕೂ ಎಲ್ಲ ದೇಶಕ್ಕೂ ಉಂಟು. ಮಾಟ, ಬಾಣಾಮತಿ ಎಂಬ ಮಾತುಗಳು ನಮ್ಮ ನಾಡಿಗೂ ಹೊಸವಲ್ಲ. ವಾಮಾಚಾರವನ್ನೂ ಅಮಾನವೀಯ ಪದ್ಧತಿಗಳನ್ನೂ ತಡೆಯಲು ಕರ್ನಾಟಕದಲ್ಲಿ ಕಾಯಿದೆಯಾದದ್ದು 2017ರಲ್ಲಿ, ಅದು ಜಾರಿಗೆ ಬಂದದ್ದು 2020ರಲ್ಲಿ. ಭಯವನ್ನು ಸಾಕ್ಷ್ಯವೆಂದು ಬರೆದುಕೊಳ್ಳುವ ಲೇಖನಿ ಸಿಕ್ಕಾಗ ಮಾತ್ರ ಅದು ಕೊಲ್ಲುತ್ತದೆ.

ಆ ಲೇಖನಿಯನ್ನು ಹಿಡಿದವರಲ್ಲಿ ಒಬ್ಬನ ವಿಷಯ ಹೇಳಲೇಬೇಕು. ನ್ಯಾಯಾಧೀಶ ಸ್ಯಾಮ್ಯುಯೆಲ್ ಸೀವಾಲ್ 1697ರ ಜನವರಿ 14ರಂದು, ಪ್ರಾಂತವೆಲ್ಲ ಉಪವಾಸವಿದ್ದು ಪ್ರಾರ್ಥಿಸಿದ ದಿನ, ಬಾಸ್ಟನ್ನಿನ ತನ್ನ ದೇವಾಲಯದಲ್ಲಿ ಪಾದ್ರಿಯ ಕೈಗೆ ಚೀಟಿಯೊಂದನ್ನು ಕೊಟ್ಟ. ನಡೆದದ್ದರ ದೋಷವನ್ನೂ ನಾಚಿಕೆಯನ್ನೂ ತನ್ನ ಮೇಲೆ ತೆಗೆದುಕೊಳ್ಳುವುದಾಗಿ ಅದರಲ್ಲಿ ಬರೆದಿದ್ದ. ಪಾದ್ರಿ ಅದನ್ನು ಓದುತ್ತಿರುವಷ್ಟು ಹೊತ್ತೂ ಆತ ಸಭೆಯ ನಡುವೆ ಎದ್ದು ನಿಂತಿದ್ದ. ಜೂರಿಯವರು ಹನ್ನೆರಡು ಮಂದಿಯೂ ಕ್ಷಮೆ ಬೇಡಿದರು. ಹನ್ನೆರಡರ ವಯಸ್ಸಿನಲ್ಲಿ ಹತ್ತಾರು ಮಂದಿಯ ಹೆಸರು ಹೇಳಿದ್ದ ಆನ್ ಪಟ್ನಮ್ 1706ರಲ್ಲಿ ಹಳ್ಳಿಯ ದೇವಾಲಯದಲ್ಲಿ ಹಾಗೆಯೇ ನಿಂತು ಕ್ಷಮೆ ಕೇಳಿದಳು. ಮುಖ್ಯ ನ್ಯಾಯಾಧೀಶ ಸ್ಟೌಟನ್ ಮಾತ್ರ ಕೊನೆಯವರೆಗೂ ಕೇಳಲಿಲ್ಲ.

ಸೀವಾಲನ ವಿಷಯವನ್ನು ಓದಿದಾಗಲೆಲ್ಲ ನನಗೆ ನನ್ನದೇ ಒಂದು ತಪ್ಪು ನೆನಪಾಗುತ್ತದೆ. ಮೇಷ್ಟರ ಕೆಲಸಕ್ಕೆ ಸೇರಿದ ಹೊಸತು. ಒಂದು ದಿನ ಎಂಟನೆಯ ತರಗತಿಯಲ್ಲಿ ಹುಡುಗನೊಬ್ಬನ ಹೊಸ ಪೆನ್ನು ಕಾಣೆಯಾಯಿತು. “ಯಾರು ತೆಗೆದವರು?” ಎಂದು ಗದರಿಸಿ ಕೇಳಿದೆ. ಒಬ್ಬ ಹುಡುಗ ಹಿಂದಿನ ಬೆಂಚಿನವನೊಬ್ಬನ ಹೆಸರು ಹೇಳಿದ. ಬಡವರ ಮನೆಯ ಹುಡುಗ ಅವನು, ಜೊತೆಗಾರರೂ ಕಡಿಮೆ. ಒಬ್ಬ ಹೇಳಿದ್ದೇ ತಡ, “ಹೌದು ಸಾರ್, ನಾನೂ ನೋಡಿದೆ” ಎಂದು ನಾಲ್ಕು ಕೈಗಳು ಎದ್ದುವು. ಏನು ನೋಡಿದಿರಿ, ಯಾವಾಗ ನೋಡಿದಿರಿ ಎಂದು ನಾನು ಕೇಳಲಿಲ್ಲ. ಆ ಹುಡುಗನನ್ನು ಮುಂದಕ್ಕೆ ಕರೆದು, “ಒಪ್ಪಿಕೊಂಡುಬಿಡು, ಏನೂ ಮಾಡುವುದಿಲ್ಲ” ಎಂದೆ. ಅವನು “ನಾನು ತೆಗೆದಿಲ್ಲ ಸಾರ್” ಎಂದ. ಎಷ್ಟು ಸಲ ಕೇಳಿದರೂ ಅದೊಂದೇ ಮಾತು. ಹಟಮಾರಿಯೆಂದು ಎರಡು ದಿನ ತರಗತಿಯ ಹೊರಗೆ ನಿಲ್ಲಿಸಿದೆ. ಮೂರನೆಯ ದಿನ ಪೆನ್ನು ಕಳೆದುಕೊಂಡವನ ಮನೆಯಲ್ಲಿಯೇ, ಒಗೆಯಲು ಹಾಕಿದ್ದ ಅಂಗಿಯ ಜೇಬಿನಲ್ಲಿ, ಸಿಕ್ಕಿತು.

ಒಪ್ಪಿಕೊಂಡರೆ ಬಿಡುತ್ತೇನೆ, ಇಲ್ಲದಿದ್ದರೆ ಶಿಕ್ಷೆ. ಸೇಲಂ ನ್ಯಾಯಸ್ಥಾನದ ಮಾತನ್ನು ನಾನು ಕನ್ನಡದಲ್ಲಿ ಹೇಳಿದ್ದೆ. ನಾಲ್ಕು ಕೈ ಎದ್ದರೆ ನಾಲ್ಕು ಸಾಕ್ಷಿಯಾಯಿತೆಂದು ತಿಳಿದಿದ್ದೆ. ಅದಕ್ಕಿಂತಲೂ ನನ್ನನ್ನು ಕಾಡುವುದು ಆಮೇಲೆ ನಾನು ನಡೆದುಕೊಂಡ ರೀತಿ. ಆ ಹುಡುಗನನ್ನು ಜಗಲಿಯ ಮೂಲೆಗೆ ಕರೆದು, “ಹೋಗಲಿ ಬಿಡಪ್ಪ, ಮನಸ್ಸಿಗೆ ಹಚ್ಚಿಕೊಳ್ಳಬೇಡ” ಎಂದೆ. ಆಪಾದನೆ ಮಾಡಿದ್ದು ನಲವತ್ತು ಮಂದಿಯ ಮುಂದೆ, ಸಮಾಧಾನ ಹೇಳಿದ್ದು ಯಾರಿಗೂ ಕೇಳದ ಹಾಗೆ. ಸೀವಾಲ್ ಸಭೆಯಲ್ಲಿ ಎದ್ದು ನಿಂತ; ನಾನು ನಿಲ್ಲಲಿಲ್ಲ. ಆ ಹುಡುಗ ಈಗ ಎಲ್ಲೋ ಸಂಸಾರಸ್ಥನಾಗಿರಬೇಕು. ಅವನ ಮನೆಗೆ ಈ ಪತ್ರಿಕೆ ಬರುತ್ತದೆಯೋ ಇಲ್ಲವೋ, ಇಷ್ಟು ಜನ ಓದುವ ಈ ಪುಟದಲ್ಲಿ ಹೇಳುತ್ತೇನೆ: ತಪ್ಪು ನನ್ನದು, ಅವನು ಹೇಳಿದ್ದೇ ನಿಜ.

ಶಾಲೆಯ ಮಾತು ಬಂದದ್ದರಿಂದ ಶಾಲೆಯ ಇನ್ನೊಂದು ಸಂಗತಿ ಹೇಳಿ ಮುಗಿಸುತ್ತೇನೆ. ಸೇಲಂನಲ್ಲಿ ಶಿಕ್ಷೆಗೊಳಗಾದವರ ಮೇಲಣ ಕಳಂಕವನ್ನು ತೊಡೆಯುವ ಕೆಲಸ ನಿಧಾನವಾಗಿ ನಡೆಯಿತು. 1711ರಲ್ಲಿ ಹಲವರ ಕುಟುಂಬಗಳಿಗೆ ಪರಿಹಾರ ಕೊಟ್ಟರು. 1957ರಲ್ಲಿಯೂ 2001ರಲ್ಲಿಯೂ ಮ್ಯಾಸಚೂಸೆಟ್ಸ್ ಶಾಸನಸಭೆ ಉಳಿದವರನ್ನು ನಿರ್ದೋಷಿಗಳೆಂದು ಸಾರಿತು. ಆದರೂ ಒಂದು ಹೆಸರು ಉಳಿದುಹೋಗಿತ್ತು. ಆಪಾದನೆ ಬಂದಾಗ ಇಪ್ಪತ್ತೆರಡು ವರ್ಷದವಳಾಗಿದ್ದ ಎಲಿಜಬೆತ್ ಜಾನ್ಸನ್ ಶಿಕ್ಷೆಯಾಗಿಯೂ ಗಲ್ಲಿನಿಂದ ಪಾರಾಗಿದ್ದಳು. ಮದುವೆಯಿಲ್ಲ, ಮಕ್ಕಳಿಲ್ಲ; ಆಕೆಯ ಪರವಾಗಿ ಕೇಳುವ ವಂಶಸ್ಥರಿಲ್ಲ. ನಾರ್ತ್ ಆಂಡೊವರ್ ಎಂಬ ಊರಿನ ಶಾಲೆಯಲ್ಲಿ ಎಂಟನೆಯ ತರಗತಿಯ ಮಕ್ಕಳು ತಮ್ಮ ಉಪಾಧ್ಯಾಯಿನಿಯೊಡನೆ ಆಕೆಯ ದಾಖಲೆಗಳನ್ನು ಓದಿ, ಶಾಸನಸಭೆಗೆ ಬರೆದರು. 2022ರಲ್ಲಿ, 329 ವರ್ಷಗಳ ಮೇಲೆ, ಆಕೆಯ ಹೆಸರಿನ ಮೇಲಿದ್ದ ಅಪರಾಧ ಅಳಿಸಿಹೋಯಿತು.

ಈ ಅನರ್ಥ ಮೊದಲಾದದ್ದು ಮಕ್ಕಳ ಬಾಯಿಂದ. ಕೊನೆಯ ಕಳಂಕವನ್ನು ತೊಡೆದವರೂ ಮಕ್ಕಳೇ. ಮೊದಲಿನವರನ್ನು ಹಿರಿಯರು “ಯಾರು?” ಎಂದು ಕೇಳಿದರು. ಈ ಮಕ್ಕಳಿಗೆ ಯಾರೋ “ಹೌದೇ? ಓದಿ ನೋಡಿ” ಎಂದು ಹೇಳಿಕೊಟ್ಟಿರಬೇಕು. ನಿಮ್ಮ ಮನೆಯ ಮಗು ನಾಟಕ ಮುಗಿದ ಮೇಲೆ “ಇದು ನಿಜವಾಗಿ ನಡೆದದ್ದೇ?” ಎಂದು ಕೇಳಿದರೆ, ದಯಮಾಡಿ ದೀಪ ಆರಿಸಬೇಡಿ. ಕೂಡಿಸಿಕೊಂಡು ಉತ್ತರ ಹುಡುಕಿ.